ಒಲೆಗೊಂದು ಜಾಗ

ಸರಕಾರದವರು ಜಾಗ ಹಂಚುವಾಗ ನ್ಯಾಯ ನೋಡುತ್ತಾರೆ ಎಂದು ಯಾರಾದರೂ ನನ್ನೆದುರು ಹೇಳಿದರೆ ಮೊದಲು ನಗು ಬರುತ್ತದೆ, ಅದರ ಬೆನ್ನಿಗೇ ಸಿಟ್ಟು ಬರುತ್ತದೆ. ನೋಡುವುದಿಲ್ಲ ಎಂದು ನಾನು ಹೇಳುವುದಿಲ್ಲ. ನೋಡುತ್ತಾರೆ, ಕಣ್ಣರಳಿಸಿಯೇ ನೋಡುತ್ತಾರೆ. ನಮ್ಮೂರಿನಲ್ಲಿ ಒಮ್ಮೆ ಅದೇ ನ್ಯಾಯ ಬೂಟು ಹಾಕಿಕೊಂಡು, ಹಿಂದೆ ಗುಮಾಸ್ತನನ್ನು ಕಟ್ಟಿಕೊಂಡು, ಒಂದೊಂದೇ ಒಲೆಯ ಮುಂದೆ ನಿಂತು ಹೊಗೆ ಬರುತ್ತಿದೆಯೋ ಇಲ್ಲವೋ ಎಂದು ಬಗ್ಗಿ ನೋಡಿ ಹೋಯಿತು. ಆ ಒಲೆಗಳಲ್ಲಿ ಒಂದರ ಮುಂದೆ ಕೂತು ಊದುಗೊಳವೆ ಊದುತ್ತಿದ್ದವಳು ನಾನು. ಹಾಗಾಗಿ ಅದರ ಮುಖದ ಪರಿಚಯ ನನಗೆ ಚೆನ್ನಾಗಿಯೇ ಇದೆ.

ನಮ್ಮೂರು ಕುಕನೂರಿನಿಂದ ಯಲಬುರ್ಗಿಗೆ ಹೋಗುವ ಗಾಡಿದಾರಿಯ ಮೇಲಿತ್ತು. ಆಗ ದೊಡ್ಡ ಯುದ್ಧದ ಕಾಲ. ಯುದ್ಧ ಎಲ್ಲೋ ನಡೆದಿತ್ತು. ಸೀಮೆಎಣ್ಣೆಯೋ ಕಡ್ಡಿಪೆಟ್ಟಿಗೆಯೋ ಸಿಗದೆ ಹೋದಾಗ ಮಾತ್ರ ನಮಗೆ ಅದರ ನೆನಪಾಗುತ್ತಿತ್ತು. ನಾನು ಆ ಊರಿನ ಸಾವುಕಾರರ ಮನೆಗೆ ಮೂರನೆಯ ಸೊಸೆಯಾಗಿ ಬಂದಿದ್ದೆ. ಮಾವನವರದು ಕಾಳುಕಡಿಯ ದಲಾಲಿ ಅಂಗಡಿ. ಐದು ಜನ ಗಂಡುಮಕ್ಕಳು, ಐವರು ಸೊಸೆಯಂದಿರು, ಮೊಮ್ಮಕ್ಕಳ ಹಿಂಡು, ಅಂಗಡಿಯ ಆಳುಗಳು, ಬಂದವರು, ಹೋದವರು, ಎಲ್ಲರಿಗೂ ಸೇರಿ ಒಂದೇ ಒಲೆ. "ನಮ್ಮದು ಒಂದ ಒಲಿ ಮನಿ ನೋಡ್ರಿ" ಎಂದು ಮಾವನವರು ಬಂದ ನೆಂಟರಿಗೆಲ್ಲ ಎದೆ ಉಬ್ಬಿಸಿ ಹೇಳುತ್ತಿದ್ದರು. ನಮ್ಮ ಕಡೆ ಒಲೆ ಬೇರೆಯಾಯಿತು ಎಂದರೆ ಮನೆ ಒಡೆಯಿತು ಎಂದೇ ಅರ್ಥ. ಅಣ್ಣತಮ್ಮಂದಿರು ಹೊಲ ಹಂಚಿಕೊಂಡರೆ ಜನ ಸುಮ್ಮನಿರುತ್ತಾರೆ. ಒಲೆ ಎರಡಾದರೆ ಮಾತ್ರ ಊರ ಬಾಯಿಗೆಲ್ಲ ಅದೇ ಸುದ್ದಿ. ಆ ಒಂದು ಒಲೆಯ ಹೆಸರು ಮಾವನವರ ಪಾಲಿಗೆ ಬಂದಿತ್ತು, ಹೊಗೆ ಸೊಸೆಯಂದಿರ ಪಾಲಿಗೆ ಬಂದಿತ್ತು. ಉಪ್ಪು ಹಾಕುವ ಅಧಿಕಾರ ಅತ್ತೆಯವರದು. ಅದನ್ನು ಅವರು ಯಾರಿಗೂ ಬಿಟ್ಟುಕೊಟ್ಟಿರಲಿಲ್ಲ.

ಆ ವರ್ಷ ಸುಗ್ಗಿ ಮುಗಿಯುವ ಹೊತ್ತಿಗೆ ಊರಿನಲ್ಲಿ ಇಲಿ ಬೀಳತೊಡಗಿದವು. ಮೊದಲನೆಯದು ಬಿದ್ದದ್ದು ನಮ್ಮ ಉಗ್ರಾಣದಲ್ಲಿ. ಅದು ಪಕ್ಕದ ಅಂಗಡಿಯ ಇಲಿ, ಸಾಯಲಿಕ್ಕೆ ಮಾತ್ರ ನಮ್ಮಲ್ಲಿಗೆ ಬಂದಿದೆ ಎಂದು ಮಾವನವರು ಸಾಧಿಸಿದರು. ಪ್ಲೇಗು ಬಂದರೆ ಊರಿಗೆ ಊರೇ ಮನೆಗಳಿಗೆ ಬೀಗ ಹಾಕಿ ಹೊರಗೆ ಬೀಳುವುದು ಆಗಿನ ರೂಢಿ. ನಾವೂ ಪಾತ್ರೆ ಪಗಡ, ಹಾಸಿಗೆ, ತೊಟ್ಟಿಲು ಎಲ್ಲ ಗಾಡಿಗೆ ಹೇರಿಕೊಂಡು, ದನ ಮೇಯಲು ಬಿಟ್ಟ ಸರಕಾರಿ ಗಾಯರಾಣಕ್ಕೆ ಹೋಗಿ ಜೋಳದ ಕಣಿಕೆಯ, ಅಂದರೆ ಒಣದಂಟಿನ, ಗುಡಿಸಲು ಹಾಕಿಕೊಂಡೆವು. ಬಡವರ ಗುಡಿಸಲು, ಸಾವುಕಾರರ ಗುಡಿಸಲು ಎಂದು ಗುರುತಿಸಲು ಕಷ್ಟವೇನಿರಲಿಲ್ಲ. ನಮ್ಮದಕ್ಕೆ ಬಾಗಿಲಿತ್ತು, ಬಾಗಿಲಿಗೆ ಬೀಗವಿತ್ತು. ಕಣಿಕೆಯ ಗೋಡೆಯನ್ನು ಆಡಾದರೂ ತಿಂದು ಒಳಗೆ ಹೋಗಬಹುದಾಗಿತ್ತು, ಅದು ಬೇರೆ ಮಾತು.

ನಾವು ಹೋಗುವ ಮೊದಲೇ ಆ ಗಾಯರಾಣದಲ್ಲಿ ಒಬ್ಬಳು ಇದ್ದಳು. ದಾರಿಯ ಅಂಚಿಗೆ, ಜಾಲಿಮರದ ಪಕ್ಕದಲ್ಲಿ ಅವಳ ಗುಡಿಸಲು, ಅದರ ಮುಂದೆ ಒಂದು ಒಲೆ. ಗಂಡ ಸತ್ತ ಮುದುಕಿ, ಮಕ್ಕಳಿಲ್ಲ. ತಳಕಲ್ ಸ್ಟೇಷನ್ನಿಗೆ ಕಾಳಿನ ಚೀಲ ಒಯ್ಯುವ ಗಾಡಿಯವರಿಗೆ ಜೋಳದ ರೊಟ್ಟಿ ಬಡಿದು, ಮೇಲೆ ಪುಂಡಿಪಲ್ಯವೋ ಗುರೆಳ್ಳು ಹಿಂಡಿಯೋ ಇಟ್ಟು ಕೊಡುತ್ತಿದ್ದಳು. ಎಲ್ಲರೂ ಅವಳನ್ನು ರೊಟ್ಟಿ ಆಯಿ ಎಂದೇ ಕರೆಯುತ್ತಿದ್ದರು. ಮೊದಲು ಸಂತೆ ಬಯಲಿನಲ್ಲಿದ್ದಳಂತೆ, ಅಲ್ಲಿಂದ ಎಬ್ಬಿಸಿದರು. ಬಾವಿಯ ಹತ್ತಿರ ಹಾಕಿಕೊಂಡಳು, ಅಲ್ಲಿಂದಲೂ ಎಬ್ಬಿಸಿದರು. ಹೀಗೆ ಏಳುತ್ತಾ ಕೂರುತ್ತಾ ಊರ ಹೊರಗಿನ ಈ ದಾರಿಗೆ ಬಂದು ಮುಟ್ಟಿದ್ದಳು.

"ನನಗೇನ ಮಹಲ್ ಬ್ಯಾಡವ್ವಾ" ಎಂದು ಒಂದು ದಿನ ನನ್ನ ಮುಂದೆ ಹೇಳಿದಳು. "'ಏಳು' ಅಂತ ಯಾರೂ ಅನ್ನದಂಥಾದ್ದು ನಾಕ ಮಾರು ಜಾಗ ಸಿಕ್ರ ಸಾಕು. ನಾಕೂ ಕಡಿ ಮಣ್ಣಿನ ಗ್ವಾಡಿ ಎಬ್ಬಿಸಿ, ಒಳಗ ನಿಚ್ಚಿಂತಿಲೆ ಸಾಯ್ತೀನಿ."

ಅವಳ ಒಲೆ ಎಂದೂ ಆರುತ್ತಿರಲಿಲ್ಲ. ಮಲಗುವಾಗ ಕೆಂಡದ ಮೇಲೆ ಬೂದಿ ಮುಚ್ಚಿ, ಎದ್ದು ಅದನ್ನೇ ಊದಿ ಹೊತ್ತಿಸುತ್ತಿದ್ದಳು. ಕಡ್ಡಿಪೆಟ್ಟಿಗೆಗೆ ಬರ ಬಂದಿದ್ದ ಆ ದಿನಗಳಲ್ಲಿ ಬೆಳಗಾಯಿತೆಂದರೆ ನಾವೆಲ್ಲ ಹೆಂಗಸರು ಕೈಯಲ್ಲಿ ಒಡೆದ ಮಡಕೆಯ ಚೂರು ಹಿಡಿದು ಅವಳ ಒಲೆಯ ಮುಂದೆ ಕೆಂಡಕ್ಕೆ ನಿಲ್ಲುತ್ತಿದ್ದೆವು. ಊರಿನಲ್ಲಿ ಅವಳ ನೆರಳು ಬಿದ್ದರೆ ಮೂಗು ಮುರಿಯುತ್ತಿದ್ದ ನಮ್ಮ ಅತ್ತೆಯವರು ಅವಳ ಕೆಂಡಕ್ಕೆ ಮಾತ್ರ ಏನೂ ಅನ್ನುತ್ತಿರಲಿಲ್ಲ. ಬೆಂಕಿಗೆ ಮೈಲಿಗೆ ಇಲ್ಲವಂತೆ, ಅದರಲ್ಲೂ ಕಡ್ಡಿಪೆಟ್ಟಿಗೆ ಸಿಗದಿದ್ದಾಗ.

ಹೀಗಿರುವಾಗ ಸರಕಾರದ ದೊಡ್ಡ ಸಾಹೇಬರು ಊರೂರು ತಿರುಗಿ ನೋಡುವ ದೌರೆಯ ಮೇಲೆ ಬಂದರು. ತಳಕಲ್‌ನಲ್ಲಿ ರೈಲು ಇಳಿದು, ಸವಾರಿ ಗಾಡಿಯಲ್ಲಿ ಬಂದು, ಗಾಯರಾಣದ ಎತ್ತರದ ಮಗ್ಗುಲಿಗೆ ಡೇರೆ ಹಾಕಿಸಿದರು. ಓದಿದವರು, ಕೈ ಚಾಚುವವರಲ್ಲ. ಊರು ಇಕ್ಕಟ್ಟಾಗಿರುವುದರಿಂದಲೇ ಪ್ಲೇಗು ಬರುತ್ತದೆ, ಆದ್ದರಿಂದ ಈ ಗಾಯರಾಣದಲ್ಲೇ ಅಗಲವಾದ ಬೀದಿಗಳಿರುವ ಹೊಸ ಬಸ್ತಿ ಮಾಡಬೇಕು ಎಂದು ಅವರ ಯೋಜನೆ. ನಕ್ಷೆ ತಂದಿದ್ದರು. ಹಂಚಿಕೆಯ ಕೆಲಸಕ್ಕೆ ಊರಿನ ದೊಡ್ಡವರನ್ನು ಸೇರಿಸಿ ಒಂದು ಕಮಿಟಿ ಮಾಡಿದರು. ಅದರಲ್ಲಿ ಗೌಡರಿದ್ದರು, ನಮ್ಮ ಮಾವನವರಿದ್ದರು, ಅವರು ಹೇಳಿದ್ದಕ್ಕೆ ಹೌದೆನ್ನುವ ಇನ್ನಿಬ್ಬರಿದ್ದರು. ಬಡವರ ಕಡೆಯಿಂದ ಯಾರೂ ಇಲ್ಲವಲ್ಲ ಎಂದು ಸಾಹೇಬರು ಕೇಳಿದ್ದಕ್ಕೆ, ಬಡವರಿಗೆ ಕಮಿಟಿಗೆ ಬರಲು ಪುರಸೊತ್ತಿರುವುದಿಲ್ಲ ಎಂದು ಗೌಡರು ಹೇಳಿದರಂತೆ. ಬಡವರ ಕೈಯಲ್ಲಿ ಪುರಸೊತ್ತಿಲ್ಲದಂತೆ ಕೆಲಸ ಮಾಡಿಸುತ್ತಿದ್ದವರು ಗೌಡರೇ, ಹಾಗಾಗಿ ಅವರಿಗೆ ಗೊತ್ತಿರಲೇಬೇಕು.

ಸಾಹೇಬರು ಬೇವಿನ ಮರದ ಕೆಳಗೆ ಜನರನ್ನು ಕೂಡಿಸಿ, ಕಚೇರಿಯಲ್ಲಿ ಕಲಿತ ತಮ್ಮ ಕನ್ನಡದಲ್ಲಿ ಭಾಷಣ ಮಾಡಿದರು. "ಕಾಯ್ದೆ ಮುಂದೆ ಸಾವುಕಾರನೂ ಒಂದೇ, ಗರೀಬನೂ ಒಂದೇ. ಯಾರು ಈಗ ಈ ಜಾಗದಲ್ಲಿ ಒಲಿ ಹಚ್ಚಿ ಅಡಿಗಿ ಮಾಡ್ತಾ ಇದ್ದಾರೆ, ಅವರಿಗೆ ಜಾಗ. ಒಲಿ ಒಂದು, ಜಾಗ ಒಂದು. ವಶೀಲಿ ಇಲ್ಲ, ಲಂಚ ಇಲ್ಲ. ನಾನೇ ಖುದ್ದ ಬಂದು ಉರಿಯೋ ಒಲಿ ನೋಡ್ತೀನಿ."

ಜನ ಚಪ್ಪಾಳೆ ತಟ್ಟಿದರು. ರೊಟ್ಟಿ ಆಯಿಯೂ ತಟ್ಟಿದಳು, ಹಿಟ್ಟಿನ ಕೈಯಲ್ಲೇ. ಉರಿಯುವ ಒಲೆಗೆ ಜಾಗವೆಂದರೆ ತನಗಲ್ಲದೆ ಯಾರಿಗೆ ಎಂದು ಅವಳಿಗೆ ಅನ್ನಿಸಿರಬೇಕು. ನನಗೂ ಹಾಗೇ ಅನ್ನಿಸಿತು.

ಮಾವನವರು ಚಪ್ಪಾಳೆ ತಟ್ಟಲಿಲ್ಲ. ಅವರು ಲೆಕ್ಕ ಹಾಕುತ್ತಿದ್ದರು. ಒಂದು ಒಲೆಯ ಮನೆ ಎಂದರೆ ಒಂದೇ ಜಾಗ! ಅಷ್ಟು ವರ್ಷ ಮೆರೆಸಿದ್ದ ಹೆಸರು ಒಂದು ಮಧ್ಯಾಹ್ನದಲ್ಲಿ ಅವರಿಗೆ ನಷ್ಟದ ಬಾಬ್ತಾಗಿ ಕಂಡಿತು. ಗುಡಿಸಲಿಗೆ ಬಂದವರೇ ಐದೂ ಮಕ್ಕಳನ್ನು ಕರೆದು, ನಾಳೆಯಿಂದ ಒಬ್ಬೊಬ್ಬರಿಗೆ ಒಂದೊಂದು ಒಲೆ ಎಂದರು. ಅತ್ತೆಯವರು ಎದೆ ಎದೆ ಬಡಿದುಕೊಂಡರು.

"ಒಲಿ ಬ್ಯಾರೆ ಅಂದ್ರ ಮನಿ ಒಡದ್ಹಂಗ. ನನ್ನ ಕಣ್ಣ ಮುಂದ ಇದೇನ ನಡಸೀರಿ?"

"ಏ, ಇದೇನ ಖರೇ ಪಾಲಲ್ಲ. ಸಾಹೇಬ್ರು ಬಂದ ಹೋಗೂತನಕ ಅಷ್ಟ. ಹೊಗಿ ತೋರಸೂದು, ಜಾಗ ತಗೊಳ್ಳೂದು, ಒಲಿ ಕೆಡವೂದು."

ಅತ್ತೆಯವರು ಅತ್ತು ಮುಗಿಸಿ, ಮೂಗು ಒರೆಸಿಕೊಂಡು, ಒಂದು ಕರಾರು ಹಾಕಿದರು. "ಹೊಸ ಒಲಿ ಅಂದ ಮ್ಯಾಲೆ ಹಾಲು ಉಕ್ಕಸದ ಹಚ್ಚಬಾರದು. ಹಂಗ ಹಚ್ಚಿದ್ರ ಮನಿಗೆ ಛಲೋ ಆಗೂದಿಲ್ಲ."

"ಉಕ್ಕಸು, ಅದಕ್ಕೇನಾತು" ಎಂದರು ಮಾವನವರು. ಅವರ ಜೀವಮಾನದ ದೊಡ್ಡ ತಪ್ಪು ಅದೇ ಆಯಿತು.

ಮರುದಿನ ಗುಡಿಸಲ ಮುಂದೆ ಐದು ಹೊಸ ಒಲೆ ಹೂಡಿದೆವು. ಸಗಣಿ ಸಾರಿಸಿ, ಅರಿಷಿಣ ಕುಂಕುಮ ಹಚ್ಚಿ, ಒಂದೊಂದರ ಮೇಲೂ ಅತ್ತೆಯವರೇ ನಿಂತು ಹಾಲು ಉಕ್ಕಿಸಿದರು. ಸುಳ್ಳಿಗೂ ಶಾಸ್ತ್ರ ಬಿಡಬಾರದು ಎನ್ನುವುದು ಅವರ ನಂಬಿಕೆ. ಬೆಂಕಿ ಎಲ್ಲಿಂದ ತಂದೆವೆಂದು ಹೇಳಬೇಕಾಗಿಲ್ಲ. ರೊಟ್ಟಿ ಆಯಿ ಐದೂ ಚೂರಿಗೆ ಕೆಂಡ ಹಾಕುತ್ತಾ, "ಏನವ್ವಾ, ಮನಿಯಾಗ ಜಗಳ ಆತೇನು?" ಎಂದು ಪಾಪ ಮರುಕದಿಂದ ಕೇಳಿದಳು. ಜಗಳವಲ್ಲ, ಜಾಗ ಎಂದು ನಾನು ಹೇಳಿದೆ. ಅವಳಿಗೆ ಅರ್ಥವಾಗಲಿಲ್ಲ.

ನಾವಷ್ಟೇ ಅಲ್ಲ, ಗಾಯರಾಣದ ತುಂಬ ಒಲೆಗಳು ನಾಯಿಕೊಡೆಯಂತೆ ಎದ್ದವು. ಗೌಡರ ತಮ್ಮ ತೀರಿಕೊಂಡು ಬಹಳ ವರ್ಷಗಳಾಗಿದ್ದವು, ವರ್ಷಕ್ಕೊಮ್ಮೆ ತಿಥಿ ಮಾಡುತ್ತಿದ್ದರು. ಆತನ ಹೆಸರಿನ ಒಲೆಯ ಮೇಲೆ ಈಗ ಬೇಳೆ ಕುದಿಯುತ್ತಿತ್ತು. ಕಮಿಟಿಯ ಇನ್ನೊಬ್ಬರು ಸೊಸೆಯ ಹೊಟ್ಟೆಯಲ್ಲಿದ್ದ ಮೊಮ್ಮಗನ ಹೆಸರಿಗೂ ಒಂದು ಒಲೆ ಹೂಡಿಸಿದರು. ಹೆಣ್ಣು ಹುಟ್ಟಿದರೆ ಏನು ಮಾಡುತ್ತಾರೆ ಎಂದು ನಾನು ನನ್ನ ಗಂಡನನ್ನು ಕೇಳಿದೆ. "ನಿನಗ್ಯಾಕ ಬೇಕ ಅದು" ಎಂದರು. ನಿಜವಾಗಿ ಒಂದೇ ಒಲೆಯಿದ್ದ ನೇಕಾರರು, ಕೂಲಿಯವರು ಇದನ್ನೆಲ್ಲ ನೋಡುತ್ತಾ ಬಾಯಿ ತೆರೆದುಕೊಂಡು ಕೂತಿದ್ದರು. ಹಳ್ಳದ ಆಚೆ ಹೊರಬಿದ್ದಿದ್ದ ಕೇರಿಯವರ ಒಲೆಗಳ ಕಡೆಗಂತೂ ಕಮಿಟಿಯವರು ಸಾಹೇಬರನ್ನು ಕರೆದೊಯ್ಯಲೇ ಇಲ್ಲ. ಆ ದಾರಿಯಲ್ಲಿ ಮುಳ್ಳು ಬಹಳ ಎಂದರಂತೆ.

ಸಾಹೇಬರು ಒಲೆ ನೋಡಲು ಹೊರಡುವ ದಿನ ಅವರ ಅಡಿಗೆಯವನಿಗೆ ಚಳಿಜ್ವರ ಬಂತು. ಡೇರೆಯಲ್ಲಿ ಅಷ್ಟು ಜನಕ್ಕೆ ಊಟವಾಗಬೇಕು. ಮಾವನವರು ನೆಟ್ಟಗೆ ರೊಟ್ಟಿ ಆಯಿಯ ಹತ್ತಿರ ಹೋದರು. ಬಿಸಿರೊಟ್ಟಿ ಎಂದರೆ ಸಾಹೇಬರಿಗೆ ಪ್ರಾಣ ಎಂದು ಅವರಿಗೆ ತಿಳಿದಿತ್ತು. ಆಯಿಗೆ ಭಯವಾಯಿತು.

"ಸಾವುಕಾರ್ರ, ಇವತ್ತ ಒಲಿ ನೋಡಾಕ ಬರ್ತಾರಂತ. ನಾ ಅಲ್ಲಿ ರೊಟ್ಟಿ ಬಡೀಕೋತ ಕುಂತ್ರ ಇಲ್ಲಿ ನನ್ನ ಒಲಿ ಯಾರ ನೋಡ್ತಾರ್ರಿ?"

"ನಾ ಅದೀನಲ್ಲ! ನಿನ್ನ ಒಲಿ ಯಾರಿಗೆ ಗೊತ್ತಿಲ್ಲ? ನಾ ಮುಂದ ನಿಂತು ಬರಸ್ತೀನಿ, ನೀ ನಡಿ."

ಅವಳು ರೊಟ್ಟಿ ಸುಡುವ ಹಂಚು ತಲೆಯ ಮೇಲಿಟ್ಟುಕೊಂಡು ಹೊರಟಳು. ಡೇರೆಯ ಒಲೆಗೆ ಬೆಂಕಿ ಬೇಕಲ್ಲ, ಅದಕ್ಕೆ ತನ್ನ ಒಲೆಯ ಕೆಂಡವನ್ನೇ ತುಂಬಿಕೊಂಡು ಹೋದಳು. ಬಾಕಿಯದನ್ನು ಬೆಳಿಗ್ಗೆಯೇ ಊರ ಹೆಂಗಸರು ಬಾಚಿಕೊಂಡು ಹೋಗಿದ್ದರು. ಆ ಗಾಯರಾಣದಲ್ಲಿ ಅಂದು ಹೊಗೆಯಾಡದ ಒಲೆ ಎಂದರೆ ಅವಳದೊಂದೇ.

ಸಾಹೇಬರು ಬಂದರು. ನಮ್ಮ ಐದು ಒಲೆಗಳ ಮುಂದೆ ಐವರು ಸೊಸೆಯಂದಿರು ಸೆರಗು ಹೊದ್ದು ಕೂತಿದ್ದೆವು. "ಬೇರೆ ಬೇರೆ ಇದ್ದೀರಾ?" ಎಂದು ಕೇಳಿದರು. "ಹೌದ್ರಿ, ಈ ಹೆಣ್ಮಕ್ಕಳಿಗೆ ಒಬ್ಬರಿಗೊಬ್ರು ಸೇರಿ ಬರೂದಿಲ್ರಿ" ಎಂದರು ಮಾವನವರು, ದೊಡ್ಡದಾಗಿ ನಿಟ್ಟುಸಿರು ಬಿಟ್ಟು. ಜಾಗಕ್ಕಾಗಿ ಮನೆ ಒಡೆದವರು ಅವರು, ಜಗಳಗಂಟಿಯರೆಂದು ಕಾಗದಕ್ಕೆ ಏರಿದವರು ನಾವು.

ಆಮೇಲೆ ಅವರು ದಾರಿಯ ಅಂಚಿಗೆ ನಡೆದರು. ಸಾಹೇಬರು ಅತ್ತ ತಿರುಗಿದ್ದು ಕಂಡದ್ದೇ ನಾನು ಚೂರಿನಲ್ಲಿ ಕೆಂಡ ತೆಗೆದುಕೊಂಡು ಏಳಲು ಹೋದೆ. ಅತ್ತೆಯವರು ಸೆರಗು ಹಿಡಿದು ಜಗ್ಗಿ ಕೂರಿಸಿದರು. ಆಯಿಯ ಒಲೆಯಲ್ಲಿ ಗುಮಾಸ್ತ ಕೈಯಿಟ್ಟು ನೋಡಿ, ಬೂದಿ ತಣ್ಣಗಿದೆ ಎಂದ. ಮಾವನವರು ಪಕ್ಕದಲ್ಲೇ ನಿಂತಿದ್ದರು. ಅಷ್ಟರಲ್ಲಿ ಅವರ ಚಪ್ಪಲಿಯ ಉಂಗುಟಕ್ಕೆ ಏನೋ ಆಯಿತು. ಬಗ್ಗಿದರು. ಸಾಹೇಬರು ಬರೆಸಿ ಮುಂದೆ ಹೋಗುವ ತನಕ ಬಗ್ಗಿಯೇ ಇದ್ದರು.

ಮಧ್ಯಾಹ್ನ ಡೇರೆಯಲ್ಲಿ ಸಾಹೇಬರು ಆಯಿಯ ರೊಟ್ಟಿ ಉಂಡು, ಇಂಥ ರೊಟ್ಟಿ ಈ ಸೀಮೆಯಲ್ಲೇ ತಿಂದಿಲ್ಲ ಎಂದು ಹೊಗಳಿದರಂತೆ.

ಮರುದಿನ ಬೇವಿನ ಮರದ ಕೆಳಗೆ ಹೆಸರು ಓದಿದರು. ಮಾವನವರ ಮಕ್ಕಳಿಗೆ ಐದು ಜಾಗ, ಗೌಡರ ಕಡೆ ಎಷ್ಟೋ, ಸತ್ತವರಿಗೊಂದು, ಹುಟ್ಟದವರಿಗೊಂದು. ದಾರಿಯ ಅಂಚಿನ ಒಳ್ಳೆಯ ಜಾಗಗಳೆಲ್ಲ ಕಮಿಟಿಯವರ ಒಲೆಗಳಿಗೇ ಬಂದಿದ್ದವು. ನೇಕಾರರಿಗೆ ನೀರು ನಿಲ್ಲುವ ತಗ್ಗು ಬಂತು. ಮನೆ ಕಟ್ಟುವ ತನಕ ಒಲೆ ಉರಿಯುತ್ತಿರಬೇಕು, ಒಲೆ ಆರಿದ ಜಾಗ ಸರಕಾರಕ್ಕೆ ವಾಪಸ್ಸು ಎಂದು ಸಾಹೇಬರು ಒಂದು ಷರತ್ತನ್ನೂ ಹೇಳಿದರು. ಆಯಿಯ ಹೆಸರು ಬರಲೇ ಇಲ್ಲ. ಅವಳ ಗುಡಿಸಲು ಇದ್ದ ಜಾಗ, ಜಾಲಿಮರ ಸಮೇತ, ನನ್ನ ಗಂಡನ ಹೆಸರಿಗೆ ಬಂದಿತ್ತು.

ಆಯಿ ಎದ್ದು ಮುಂದೆ ಬಂದಳು. "ಸಾಹೇಬ್ರ, ನನಗ ಒಲೀನ ಇಲ್ಲಂತ ಬರದೀರಂತಲ್ರಿ. ಹಂಗಾರ ನಿನ್ನಿ ನೀವು ಉಂಡ ರೊಟ್ಟಿ ಎಲ್ಲಿ ಬೆಂದಿದ್ದು?"

ಸಾಹೇಬರಿಗೆ ಆ ಮಾತು ಬಹಳ ಹಿಡಿಸಿತು. "ವಾಹ್!" ಎಂದು ತೊಡೆ ತಟ್ಟಿ ನಕ್ಕರು. "ಅದು ಡೇರೆಯ ಒಲಿ, ಸರಕಾರದ ಒಲಿ. ಅದಕ್ಕೆ ಜಾಗ ಕೊಡಬೇಕಂದ್ರೆ ಸರಕಾರಕ್ಕೇ ಕೊಡಬೇಕಾಗ್ತದೆ, ಅಮ್ಮಾ."

ಅವರು ನಕ್ಕರೆಂದು ಕಮಿಟಿ ನಕ್ಕಿತು, ಕಮಿಟಿ ನಕ್ಕಿತೆಂದು ಊರು ನಕ್ಕಿತು. ಮುದುಕಿಯ ಮಾತನ್ನು ಸಾಹೇಬರು ಆಮೇಲೆ ಕೊಪ್ಪಳದಲ್ಲೂ ಹೇಳಿ ನಗಿಸಿದರಂತೆ. ಅವಳ ರೊಟ್ಟಿಯ ಹಾಗೆ ಅವಳ ಮಾತನ್ನೂ ರುಚಿ ನೋಡಿದರು, ಅಷ್ಟೇ. ಅಂದು ನನಗೆ ಹುಟ್ಟಿದ ನಾಚಿಕೆಯನ್ನು ಯಾವ ಭಾಷೆಯಲ್ಲಿ ಬರೆಯಬೇಕೋ ತಿಳಿಯದು. ನನ್ನ ಗಂಡನಿಗೆ ಮಾತ್ರ ಮೂಲೆಯ ಜಾಗ ಸಿಕ್ಕಿತೆಂದು ಖುಷಿಯೋ ಖುಷಿ.

ಪ್ಲೇಗು ಇಳಿದ ಮೇಲೆ ನಾವೆಲ್ಲ ಊರೊಳಗಿನ ಹಳೆಯ ಮನೆಗಳಿಗೆ ಬಂದೆವು. ಮಾವನವರು ಆರಾಮಾಗಿ ಕೂತು, "ಇನ್ನ ಒಂದ ಒಲಿ ಹಚ್ರಿ" ಎಂದರು. ಆಗ ನನ್ನ ಹಿರಿಯ ನೆಗೆಣ್ಣಿ, ಮನೆಯ ದೊಡ್ಡ ಸೊಸೆ, ಹತ್ತು ಮಾತಿಗೆ ಒಂದು ಮಾತಾಡದವಳು, ಬಾಗಿಲ ಮರೆಯಿಂದ ಹೇಳಿದಳು: "ಹಾಲು ಉಕ್ಕಿಸಿದ ಒಲಿ ಆರಸಿದ್ರ ಮನಿಗೆ ಛಲೋ ಅಲ್ರಿ, ಅತ್ತಿಯಾರ."

ಅದು ಅತ್ತೆಯವರದೇ ಶಾಸ್ತ್ರ, ಅವರೇ ನಿಂತು ಉಕ್ಕಿಸಿದ ಹಾಲು. ನಿಜ ಹೇಳಬೇಕೆಂದರೆ ಆ ಗಾಯರಾಣದಲ್ಲಿ ನಾವು ಐವರಿಗೂ ನಮ್ಮ ನಮ್ಮ ಉಪ್ಪಿನ ರುಚಿ ಹತ್ತಿತ್ತು. ನಾನು ಪಲ್ಯಕ್ಕೆ ಬೇಕಾದಷ್ಟು ಬೆಳ್ಳುಳ್ಳಿ ಜಜ್ಜಿ ಹಾಕಿದ್ದೆ. ಮೊದಲ ರೊಟ್ಟಿಯನ್ನು ಬಿಸಿ ಇರುವಾಗಲೇ ನಾನೇ ತಿಂದಿದ್ದೆ. ಅದನ್ನು ಬಿಟ್ಟು ಬರುವಷ್ಟು ಸಾಧ್ವಿಯರು ನಾವ್ಯಾರೂ ಆಗಿರಲಿಲ್ಲ. ಹೀಗೆ ಹಳೆಯ ಮನೆಯಲ್ಲಿ ಐದು ಮೂಲೆಗೆ ಐದು ಒಲೆಗಳಾದವು. ಮಾವನವರು ಯಾವ ಒಲೆಯ ಮುಂದೆ ತಟ್ಟೆ ಇಡಬೇಕೆಂದು ಹೊತ್ತುಹೊತ್ತಿಗೂ ಯೋಚಿಸುವಂತಾಯಿತು.

ಇತ್ತ ಹೊಸ ಬಸ್ತಿಯ ಜಾಗಗಳು ಖಾಲಿ ಬಿದ್ದವು. ಯುದ್ಧದ ದೆಸೆಯಿಂದ ಕಬ್ಬಿಣ ಸಿಗದು, ತೊಲೆ ಸಿಗದು. ಸಿಕ್ಕಿದ್ದರೂ ಕಟ್ಟುವ ಅವಸರ ಯಾರಿಗೂ ಇರಲಿಲ್ಲ. ಮನೆ ಇದ್ದವರಿಗೇ ಅಲ್ಲವೇ ಜಾಗ ಬಂದದ್ದು. ಆದರೆ ಷರತ್ತು ಷರತ್ತೇ, ಒಲೆ ಆರಬಾರದು. ಕಮಿಟಿಯವರು ಸೇರಿ ತಲೆ ಓಡಿಸಿದರು. ದಿನವೂ ಅಲ್ಲಿ ಹೋಗಿ ಇಷ್ಟೆಲ್ಲ ಒಲೆಗಳಿಗೆ ಬೆಂಕಿ ಹಾಕಿ ಹೊಗೆ ಏಳಿಸುವವರು ಯಾರು? ಅಲ್ಲೇ ಇರುವವಳು, ಬೆಂಕಿ ಕಾಯಲು ಬಲ್ಲವಳು ಒಬ್ಬಳೇ ಇದ್ದಳು. ಅವಳಿಗೆ ಹೇಳಿದರು. ಅದಕ್ಕೆ ಬದಲಾಗಿ ಸದ್ಯಕ್ಕೆ ಅವಳನ್ನು ಎಬ್ಬಿಸುವುದಿಲ್ಲ ಎಂದು ಕೃಪೆ ಮಾಡಿದರು. ಸರಕಾರದ ಕಾಗದದಲ್ಲಿ ಒಲೆ ಇಲ್ಲದ ಹೆಂಗಸು ಇಡೀ ಬಸ್ತಿಯ ಒಲೆಗಳನ್ನು ಉರಿಸತೊಡಗಿದಳು. ಗೌಡರ ಸತ್ತ ತಮ್ಮನ ಒಲೆಗೂ ಸಗಣಿಯ ಕುಳ್ಳು ತುರುಕುತ್ತಿದ್ದವಳು ಅವಳೇ.

ನಾನು ಒಂದು ದಿನ ಹೋದಾಗ ಆಯಿ ನನ್ನ ಕೈ ಹಿಡಿದು ಕೇಳಿದಳು. "ಈ ಜಾಗ ನಿನ್ನ ಗಂಡಂದಂತ. ಎಲ್ಲಾ ಬ್ಯಾಡ. ಈ ಜಾಲಿಗಿಡದ ಮೂಲ್ಯಾಗ ನಾಕ ಮಾರು ನನ್ನ ಹೆಸರಿಗೆ ಬರಸಿ ಕೊಡ್ತಾನೇನು ಕೇಳವ್ವಾ. ಒಲಿ ಕಾಯೂದು ನಾ ಬಿಡೂದಿಲ್ಲ."

ಗಂಡನನ್ನು ಕೇಳಿದೆ. ಅಪ್ಪನನ್ನು ಕೇಳಬೇಕು ಎಂದರು. ಅವರು ಕೇಳುವವರಲ್ಲ ಎಂದು ಗೊತ್ತಿದ್ದರಿಂದ ನಾನೇ ಬಾಗಿಲ ಮರೆಗೆ ನಿಂತು ಮಾವನವರನ್ನು ಕೇಳಿದೆ.

"ಅದು ಒಬ್ಬಂದಲ್ಲ, ಮನಿದು. ಮನಿ ಆಸ್ತಿ ಹಂಗ ಹಂಚಾಕ ಬರೂದಿಲ್ಲ" ಎಂದರು.

"ಕಾಗದದಾಗ ನಾವು ಬ್ಯಾರೆ ಅದೀವಲ್ರಿ, ಮಾವಾರ."

"ಕಾಗದದಾಗ ಬ್ಯಾರೆ. ಮನಿಯಾಗ ಒಂದ."

ತೆಗೆದುಕೊಳ್ಳುವಾಗ ಐದಾಗಿದ್ದ ಮನೆ ಕೊಡುವ ಮಾತು ಬಂದ ಕೂಡಲೇ ಒಂದಾಗಿಬಿಟ್ಟಿತು. ಅತ್ತೆಯವರ ಯಾವ ಹರಕೆಗೂ ಕೂಡದ ಮನೆ ಆ ಒಂದು ಪ್ರಶ್ನೆಗೆ ಕೂಡಿತು. ಆಯಿಗೆ ಏನು ಹೇಳಲಿ ಎಂದು ನಾನು ಎಷ್ಟೋ ದಿನ ಆ ಕಡೆ ಹೋಗಲೇ ಇಲ್ಲ. ಹೋಗದಿದ್ದುದರಿಂದಲೇ ಅವಳಿಗೆ ಗೊತ್ತಾಗಿರಬೇಕು.

ಮುಂದಿನ ಬೇಸಿಗೆಗೆ ಸಾಹೇಬರು ಒಲೆ ನೋಡಲು ಮತ್ತೆ ಬರುತ್ತಾರೆ ಎಂಬ ಸುದ್ದಿ ಬಂತು. ಮಾವನವರಿಗೆ ಹೊಸ ಚಿಂತೆ ಹತ್ತಿತು. ನಮ್ಮ ಜಾಗದಲ್ಲಿ ಮುದುಕಿಯ ಗುಡಿಸಲು ಕಂಡರೆ ಇದು ಯಾರದು ಎಂದು ಸಾಹೇಬರು ಕೇಳುತ್ತಾರೆ. ಅವರು ಬರುವ ಹಿಂದಿನ ದಿನ ಅಂಗಡಿಯ ಆಳನ್ನು ಕಳಿಸಿ, "ಏಳು, ಗುಡಸಲ ಕಿತ್ತು ಹಳ್ಳದ ಕಡಿ ಹಾಕ್ಕೊ. ಸಾಹೇಬ್ರು ಹೋದ ಮ್ಯಾಲೆ ನೋಡೂಣು. ಒಲಿಗೆ ಮಾತ್ರ ಮುಂಜಾನೆ ಬಂದು ಬೆಂಕಿ ಹಾಕು" ಎಂದು ಹೇಳಿಸಿದರು.

ಆಯಿ ಗುಡಿಸಲು ಕಿತ್ತಳು. ಹಂಚು, ಎರಡು ಮಡಕೆ, ಒಂದು ಕೌದಿ. ಗಂಗಾವತಿ ಕಡೆ ಭತ್ತ ತರಲು ಹೊರಟಿದ್ದ ಖಾಲಿ ಗಾಡಿಗಳು ದಾರಿಯಲ್ಲಿ ನಿಂತಿದ್ದವು. ಅವಳ ರೊಟ್ಟಿ ಉಂಡವರೇ ಅವರು. ಹತ್ತಿಸಿಕೊಂಡು ಹೋದರು. ಆನೆಗೊಂದಿಯ ಹತ್ತಿರ ಬಾಳೆತೋಟದ ಬದಿಯಲ್ಲಿ ರೊಟ್ಟಿ ಬಡಿಯುತ್ತಿದ್ದಾಳೆ ಎಂದು ಒಬ್ಬರು, ಅಲ್ಲಿಂದಲೂ ಎಬ್ಬಿಸಿದರು ಎಂದು ಇನ್ನೊಬ್ಬರು ಆಮೇಲೆ ಹೇಳಿದ್ದುಂಟು. ನಾನು ಅವಳನ್ನು ಮತ್ತೆ ಕಾಣಲಿಲ್ಲ.

ಸಾಹೇಬರು ಬರುವ ದಿನ ಬೆಳಿಗ್ಗೆ ಕಮಿಟಿಯವರು ಬಸ್ತಿಗೆ ಹೋಗಿ ನೋಡಿದರೆ ಹೊಗೆಯೇ ಇಲ್ಲ. ಸಾಲು ಸಾಲು ಒಲೆ, ಎಲ್ಲ ತಣ್ಣಗೆ. ಊರಿಗೆ ಊರೇ ಎದ್ದುಬಿದ್ದು ಓಡಿತು. ಕಡ್ಡಿಪೆಟ್ಟಿಗೆ ಯಾರಲ್ಲೂ ಇಲ್ಲ. ಗೌಡರು ಹಳೆಯ ಕಾಲದ ಚಕಮಕಿ ಕಲ್ಲು ಹುಡುಕಿಸಿ ಕುಟ್ಟಿ ಕುಟ್ಟಿ ಬೆರಳು ಜಜ್ಜಿಕೊಂಡರು. ಮನೆಯ ಒಲೆಯಿಂದ ಕೆಂಡ ತಂದವರದು ದಾರಿಯ ಗಾಳಿಗೆ ಬೂದಿಯಾಯಿತು. ನಮ್ಮನ್ನು ಐವರನ್ನೂ ಗಾಡಿಯಲ್ಲಿ ಹೇರಿಕೊಂಡು ಬಂದು ಒಲೆಗಳ ಮುಂದೆ ಕೂರಿಸಿ, "ಊದ್ರಿ, ಊದ್ರಿ" ಎಂದು ಮಾವನವರು ಬಡಬಡಿಸಿದರು. ಏನನ್ನು ಊದುವುದು? ಊದಿದಷ್ಟೂ ಬೂದಿ ಹಾರಿ ಅವರ ರುಮಾಲಿನ ಮೇಲೇ ಕೂತಿತು. ನಾನು ಸ್ವಲ್ಪ ಜೋರಾಗಿಯೇ ಊದಿದೆ.

ಅಷ್ಟರಲ್ಲಿ ಸಾಹೇಬರ ಗಾಡಿ ಬಂದೇಬಿಟ್ಟಿತು. ಅದೇ ಬೂಟು, ಅದೇ ಗುಮಾಸ್ತ. ಒಂದು ಸಾಲು ನೋಡಿದರು, ಎರಡು ಸಾಲು ನೋಡಿದರು. ಎಲ್ಲೂ ಹೊಗೆಯಿಲ್ಲ. ಕಮಿಟಿಯವರು ಬಲಿಗೆ ತಂದ ಆಡುಗಳ ಹಾಗೆ ಸಾಲಾಗಿ ನಿಂತಿದ್ದರು. ನನಗಂತೂ ಒಳಗೊಳಗೇ ಹಿಗ್ಗು. ಈಗ ಬಿತ್ತು ನೋಡು ಕಾಯ್ದೆ, ಎಲ್ಲ ಜಾಗ ಸರಕಾರಕ್ಕೆ ವಾಪಸ್ಸು, ಆಯಿಯನ್ನು ಹುಡುಕಿಸಿ ಕರೆಸಲೇಬೇಕು ಎಂದುಕೊಂಡೆ. ಅಷ್ಟು ಓದಿಕೊಂಡ ಸಾಹೇಬರ ಮೇಲೆ ನನಗೆ ಅಷ್ಟೊಂದು ಭರವಸೆ ಇತ್ತು.

ಸಾಹೇಬರು ನಮ್ಮ ಸಾಲಿನ ಮುಂದೆ ನಿಂತು ಯೋಚಿಸಿದರು. ಇಷ್ಟು ಒಲೆ ಆರಿವೆ ಎಂದು ಬರೆದರೆ ಬಸ್ತಿಯೇ ಇಲ್ಲವಾಗುತ್ತದೆ. ಬಸ್ತಿ ಇಲ್ಲವೆಂದರೆ ಅದನ್ನು ಮಾಡಿಸಿದ ಅವರ ಹೆಸರಿಗೂ ಒಳ್ಳೆಯದಲ್ಲ. ಕೊನೆಗೆ ಕಮಿಟಿಯವರನ್ನು ಕೇಳಿದರು.

"ರಾತ್ರಿ ಮಳಿ ಬಂದಿತ್ತೇನು?"

ಕಮಿಟಿಯವರು ಮುಖ ಮುಖ ನೋಡಿಕೊಂಡರು. ಬೇಸಿಗೆಯ ನಡುಮಧ್ಯ. ಕಾಲ ಕೆಳಗಿನ ನೆಲ ಬಿರಿದು ಬಾಯಿ ತೆರೆದಿತ್ತು. ಮೊದಲು ಚೇತರಿಸಿಕೊಂಡವರು ಮಾವನವರು.

"ಬಂದಿತ್ರಿ ಸಾಹೇಬ್ರ. ಭಾಳ ಬಂದಿತ್ರಿ."

"ಹಾಗಾದರೆ ಬರಿ. ಮಳಿಯಿಂದ ಒಲಿ ನಂದಿವೆ. ವಾಸ ಇದ್ದಾರೆ" ಎಂದು ಸಾಹೇಬರು ಗುಮಾಸ್ತನಿಗೆ ಹೇಳಿದರು. ಗುಮಾಸ್ತ ಹಣೆಯ ಬೆವರು ಒರೆಸಿಕೊಂಡು ಮಳೆ ಎಂದು ಬರೆದ.

ನನ್ನ ಬಾಯಿ ನನ್ನ ಮಾತು ಕೇಳಲಿಲ್ಲ. ಸೆರಗಿನೊಳಗಿಂದಲೇ ಎಲ್ಲರಿಗೂ ಕೇಳುವ ಹಾಗೆ ಅಂದುಬಿಟ್ಟೆ: "ಆಯಿ ಒಲಿ ಆರಿದ ದಿವಸ ಯಾಕ ಮಳಿ ಬರಲಿಲ್ರಿ?"

ಗುಮಾಸ್ತನ ಕೈ ನಿಂತಿತು. ಸಾಹೇಬರು ತಿರುಗಿ, "ಯಾರು ಮಾತಾಡಿದ್ದು?" ಎಂದರು.

"ಯಾರೂ ಇಲ್ರಿ ಸಾಹೇಬ್ರ" ಎಂದರು ಮಾವನವರು. "ಹೆಣ್ಮಕ್ಕಳು."

ಸಾಹೇಬರು ತಲೆಯಾಡಿಸಿದರು. ನನ್ನ ಗಂಡನ ಹೆಸರಿನ ಮುಂದೆ ವಾಸ ಇದ್ದಾರೆ ಎಂದು ಬರೆಸಿ, ಪಕ್ಕದ ಜಾಗಕ್ಕೆ ಹೋದರು.